ಹೆಡತಲೆಗೆ ಮೊದಲು ನೀರು

ಶನಿಯಾರನ ಮುಖ ಹೆಚ್ಚು ಜನರಿಗೆ ಗೊತ್ತಿಲ್ಲ. ಬೆನ್ನನ್ನು ಮಾತ್ರ ಸಿನಿಮಾ ನೋಡುವವರೆಲ್ಲ ಒಂದಲ್ಲ ಒಂದು ಸಲ ನೋಡಿರುತ್ತಾರೆ. ಮಹಡಿಯಿಂದ ಬೀಳುವ, ಉರಿಯುವ ಜೀಪಿನಿಂದ ಹೊರಳುವ, ಹೊಳೆಗೆ ಹಾರುವ ನಾಯಕನ ಬೆನ್ನು ಎಷ್ಟೋ ಸಲ ಅವನದಾಗಿತ್ತು. ಅಷ್ಟೆಲ್ಲ ಬಿದ್ದು ಎದ್ದವನು ಕಳೆದ ತಿಂಗಳು ಕಾಮಾಲೆಯಲ್ಲಿ ತೀರಿಕೊಂಡ.

ನಾವಿಬ್ಬರೂ ಹೊನ್ನಾವರದ ಹತ್ತಿರದ ಕಾಸರಕೋಡಿನವರು, ಒಂದೇ ಬೆಂಚಿನಲ್ಲಿ ಕೂತು ಓದಿದವರು. ಅವನ ತಾಯಿ ಕಮಲಕ್ಕ ಮೀನು ಮಾರುವವಳು. ನೀರಿಗೆ ಹಾರುವ ಮುಂಚೆ ಹೆಡತಲೆಗೆ ನೀರು ಹಾಕಿಕೊಳ್ಳಬೇಕು ಎಂದು ಮಗನಿಗೆ ಚಿಕ್ಕಂದಿನಲ್ಲೇ ಕಲಿಸಿದ್ದಳು. ಇಲ್ಲದಿದ್ದರೆ ತಣ್ಣೀರು ಒಮ್ಮೆಲೇ ಬಡಿದು ಉಸಿರು ಕಟ್ಟುತ್ತದೆ ಎನ್ನುವುದು ಆ ಮನೆಯ ನಂಬಿಕೆ. ನಾವೆಲ್ಲ ದೋಣಿಯಿಂದ ಸುಮ್ಮನೆ ಧುಮುಕುತ್ತಿದ್ದರೆ ಅವನು ಬಲಗೈಯಲ್ಲಿ ಅಂಚು ಹಿಡಿದು, ಬಗ್ಗಿ, ಎಡಗೈ ತುಂಬ ನೀರೆತ್ತಿ ಕುತ್ತಿಗೆಯ ಹಿಂದೆ ಸುರಿದುಕೊಂಡೇ ಹಾರುತ್ತಿದ್ದ.

ಶರಾವತಿ ಕಡಲು ಸೇರುವ ಅಳಿವೆಗೆ ಒಂದು ಸಿನಿಮಾ ತಂಡ ಬಂದಿತ್ತು. ಬೆಂಗಳೂರಿನ ಡ್ಯೂಪ್ ಇಳಿತದ ಸೆಳೆತ ನೋಡಿ ಹಿಂಜರಿದಾಗ, ದೋಣಿ ನಡೆಸಲು ಹೋಗಿದ್ದ ಶನಿಯಾರನೇ ನಾಯಕನ ಅಂಗಿ ತೊಟ್ಟು ಹಾರಿದ. ಫೈಟ್ ಮಾಸ್ಟರ್ ಮಧುಸೂದನ ಅವರು ಅವನನ್ನು ಬೆಂಗಳೂರಿಗೆ ಕರೆದೊಯ್ದರು. ಅಲ್ಲಿ ಹದಿನೈದಿಪ್ಪತ್ತು ವರ್ಷ ದುಡಿದ. ಬೇರೆಯವರು ಹಾಕಿದ ಹಗ್ಗದ ಗಂಟನ್ನು ಬಿಚ್ಚಿ ತಾನೇ ಮತ್ತೆ ಹಾಕುತ್ತಿದ್ದ. ತನ್ನದನ್ನಷ್ಟೇ ಅಲ್ಲ, ಜೊತೆಯವರದನ್ನೂ. ಅವನು ಕಟ್ಟಿದ ಹಗ್ಗದಿಂದ ಯಾರೂ ಬೀಳಲಿಲ್ಲ.

ನಾಯಕನ ಬದಲು ಹಾರುವವನು ಅವನೇ ಎಂದರೆ ಊರಿನ ಮೀನು ಮಾರ್ಕೆಟ್ಟಿನಲ್ಲಿ ಮಾತ್ರ ಯಾರೂ ನಂಬುತ್ತಿರಲಿಲ್ಲ.

"ಕಮಲಿ, ನಿನ್ನ ಮಗ ಪಿಚ್ಚರಿನಲ್ಲಿ ಎಂತ ಮಾಡ್ತಾ? ಪರದೆ ಹಿಂದೆ ನಿಂತಿರ್ತನಾ?" ಎಂದು ಪಕ್ಕದ ಬುಟ್ಟಿಯ ಗಂಗಾ ಕೆಣಕುತ್ತಿದ್ದಳು.

"ನಿನ್ನ ಬಂಗಡೆ ಮೇಲಿನ ನೊಣ ಓಡ್ಸು ಮೊದಲು!"

ಹಾಗೆಂದರೂ ಕಮಲಕ್ಕ ಮನೆಗೆ ಬಂದು ಮಗನಿಗೆ ಫೋನ್ ಮಾಡುತ್ತಿದ್ದಳು. "ಒಂದ್ಸಲ ಆದ್ರೂ ನಿನ್ನ ಮೋರೆ ಕಾಣ್ತದೇನೋ?" ತಾಯಿ ತನ್ನನ್ನು ಒಮ್ಮೆ ಪರದೆಯ ಮೇಲೆ ಕಾಣಬೇಕು ಎನ್ನುವ ಆಸೆ ಅವನನ್ನೂ ಬಿಡಲಿಲ್ಲ.

ಕೊನೆಗೊಮ್ಮೆ ಎರಡು ಮಾತಿನ ಪಾತ್ರ ಸಿಕ್ಕಿತು. ನಾಯಕನಿಗೆ ದೋಣಿ ಕೊಡುವ ಮೀನುಗಾರ. ಮುಂದೆ ಆ ದೋಣಿಯಿಂದ ನಾಯಕನ ಬದಲು ಹಾರುವುದೂ ಅವನೇ. ಚಿತ್ರ ಕುಮಟೆಗೆ ಬಂದಾಗ ತಾಯಿಯನ್ನೂ ಗಂಗಾಳನ್ನೂ ಅರ್ಧ ಮಾರ್ಕೆಟ್ಟನ್ನೂ ಟೆಂಪೋದಲ್ಲಿ ತುಂಬಿಕೊಂಡು ಹೊರಟ. ನಾನೂ ಇದ್ದೆ.

ಸಿನಿಮಾದಲ್ಲಿ ದೋಣಿ ಬಂತು, ನಾಯಕ ಹತ್ತಿದ. ಮೀನುಗಾರನೇ ಇಲ್ಲ. ಆ ಭಾಗವನ್ನು ಕತ್ತರಿಸಿ ತೆಗೆದಿದ್ದರು. ಶನಿಯಾರನಿಗೂ ಅದು ಗೊತ್ತಾದದ್ದು ಅಲ್ಲೇ. ತಲೆ ತಗ್ಗಿಸಿ ಕೂತ.

"ಬಂದ್ನನೇ ಕಮಲಿ? ನಂಗೆ ಕಣ್ಣು ಮಂಜು" ಎಂದಳು ಗಂಗಾ ಕತ್ತಲಲ್ಲಿ.

ಪರದೆಯ ಮೇಲೆ ನಾಯಕ ನಮಗೆ ಬೆನ್ನು ಹಾಕಿ ದೋಣಿಯ ಅಂಚಿಗೆ ಬಂದ. ಬಗ್ಗಿದ. ಎಡಗೈ ತುಂಬ ನೀರೆತ್ತಿ ಹೆಡತಲೆಗೆ ಸುರಿದುಕೊಂಡ.

"ಅಂವ ನನ್ನ ಮಗ!" ಕಮಲಕ್ಕ ಎದ್ದು ನಿಂತುಬಿಟ್ಟಿದ್ದಳು. "ಅಂಗಿ ಯಾರದಾದ್ರೂ ಆಗ್ಲಿ, ಅಂವ ನನ್ನ ಶನಿಯಾರ!"

"ಕೂತ್ಕಳಿ ಅಮ್ಮಾ" ಎಂದು ಹಿಂದಿನವರು ಕೂಗಿದರು. ಅವಳು ಕೂರಲಿಲ್ಲ.

ನಾಯಕ ಹಾಗೆಲ್ಲ ನೀರು ಹಾಕಿಕೊಳ್ಳುವುದಿಲ್ಲ ಎಂದು ಶೂಟಿಂಗ್ ದಿನ ನಿರ್ದೇಶಕರು ರೇಗಿದ್ದರಂತೆ. ಹೊತ್ತು ಮುಳುಗಿದ್ದರಿಂದ ಇನ್ನೊಂದು ಟೇಕ್ ಆಗಲಿಲ್ಲ. ಮರಳುವಾಗ ಟೆಂಪೋದಲ್ಲಿ ಶನಿಯಾರನೇ ನಗುತ್ತ ಹೇಳಿದ.

"ಆತು ಮಾರಾಯ, ನಂಬ್ದೆ. ಮೋರೆಕಿಂತ ನಿನ್ನ ಬೆನ್ನೇ ಚಂದ" ಎಂದಳು ಗಂಗಾ.

ಅವನ ದೇಹವನ್ನು ಊರಿಗೆ ತಂದ ಬೆಳಿಗ್ಗೆ ಅಂಗಳದಲ್ಲಿ ಕೊನೆಯ ಸ್ನಾನಕ್ಕೆ ನೀರು ತುಂಬಿಟ್ಟಿದ್ದರು. ಶನಿಯಾರನ ತಮ್ಮ ದೇವರಾಜ ಕೊಡ ಎತ್ತಿದ. ಕಮಲಕ್ಕ ಅವನ ಕೈ ಹಿಡಿದಳು.

"ತಡಿ. ಒಮ್ಮೆಲೇ ಹಾಕ್ಬೇಡ."

ಮಗನ ತಲೆಯನ್ನು ತುಸುವೇ ಎತ್ತಿ, ಅಂಗೈಯಲ್ಲಿ ನೀರು ತೆಗೆದು ಹೆಡತಲೆಗೆ ಹಾಕಿದಳು. ಸ್ವಲ್ಪ ಹೊತ್ತು ಕೈ ಅಲ್ಲೇ ಇತ್ತು.

"ಈಗ ಹಾಕು" ಎಂದಳು.