ಎಡ್ನಮ್ಮನ ಕ್ಯಾಮಸ್ ಪಾತಿ

ಎಂಬತ್ತರ ದಶಕದ ನಡುವಿನ ಮಾತು. ಆಗ ಲಾಸ್ ಆಲ್ಟೋಸ್‌ನಲ್ಲಿ ಅಲ್ಲೊಂದು ಇಲ್ಲೊಂದು ಏಪ್ರಿಕಾಟ್ ತೋಟ ಇನ್ನೂ ಉಳಿದಿತ್ತು, ನಮ್ಮಂಥವರಿಗೂ ಅಲ್ಲಿ ಬಾಡಿಗೆ ಮನೆ ಸಿಗುತ್ತಿತ್ತು. ಈಗ ಈ ಎರಡು ಸಂಗತಿಗಳನ್ನು ಹೇಳಿದರೆ ನನ್ನ ಮಕ್ಕಳು ಅಮ್ಮ ಏನೋ ಕಟ್ಟಿ ಹೇಳುತ್ತಿದ್ದಾಳೆ ಎನ್ನುವ ಹಾಗೆ ನೋಡುತ್ತಾರೆ. ಕಟ್ಟಿ ಹೇಳುವ ಅಭ್ಯಾಸ ನನಗೆ ಇಲ್ಲವೆಂದೇನೂ ಅಲ್ಲ. ಅದು ಶುರುವಾದದ್ದೇ ಆ ಬೇಸಗೆಯಲ್ಲಿ.

ನನಗೆ ಆಗ ಒಂಬತ್ತು ವರ್ಷ. ಉಡುಪಿಯಿಂದ ಬಂದು ಎರಡು ವರ್ಷವಾಗಿತ್ತು. ಆ ಮಾರ್ಚಿನಲ್ಲಿ ಅಪ್ಪನ ಅಮ್ಮ, ನನ್ನ ಅಜ್ಜಿ, ಆರು ತಿಂಗಳಿಗೆಂದು ಬಂದಳು. ಅಪ್ಪ ಬೆಳಗ್ಗೆ ಮೆನ್ಲೋ ಪಾರ್ಕಿನ ಆಫೀಸಿಗೆ ಹೋದರೆ ಕತ್ತಲಾಗುವಾಗ ಬರುವುದು. ಮೈಸೂರಿನವಳಾದ ಅಮ್ಮ ಕಾಲೇಜು ಸೇರಿದ್ದಳು. ಹಗಲು ಹೊತ್ತಿನಲ್ಲಿ ಅಜ್ಜಿಗೆ ಇದ್ದವರು ಇಬ್ಬರೇ. ಒಬ್ಬಳು ನಾನು, ಇನ್ನೊಬ್ಬಳು ಪಕ್ಕದ ಮನೆಯ ಎಡ್ನಾ. ಎಪ್ಪತ್ತು ದಾಟಿದ, ಗಂಡ ತೀರಿಕೊಂಡ, ಮೊಣಕಾಲಿಗೆ ಚರ್ಮದ ಪಟ್ಟಿ ಕಟ್ಟಿಕೊಂಡು ದಿನವಿಡೀ ಮಣ್ಣು ಕೆದರುವ ಹೆಂಗಸು. ಅಜ್ಜಿ ಮೊದಲ ವಾರದಲ್ಲೇ ಆಕೆಯನ್ನು ಎಡ್ನಮ್ಮ ಎಂದು ಕರೆದಳು. ಆಮೇಲೆ ನಮಗೂ ಆಕೆ ಎಡ್ನಮ್ಮನೇ.

ಒಬ್ಬರ ಮಾತು ಇನ್ನೊಬ್ಬರಿಗೆ ಅರ್ಥವಾಗದ ಅವರಿಬ್ಬರ ನಡುವೆ ದುಬಾಷಿ ನಾನು. ಆದರೆ ಚೆನ್ನೆಮಣೆಗೆ ದುಬಾಷಿ ಬೇಕಾಗಲಿಲ್ಲ. ಹನ್ನೆರಡು ಗುಳಿಯ ಮಫಿನ್ ತಟ್ಟೆಗೆ ಎರಡು ಸ್ಟೀಲು ಬಟ್ಟಲು ಸೇರಿಸಿದರೆ ಹದಿನಾಲ್ಕು ಮನೆ ಆಯಿತು. ಎಡ್ನಮ್ಮ ಒಣಗಿಸಿಟ್ಟಿದ್ದ ಏಪ್ರಿಕಾಟ್ ಬೀಜಗಳೇ ಕಾಯಿ. ಅಜ್ಜಿ ಮೋಸ ಮಾಡುತ್ತಿದ್ದಳು. ಎಡ್ನಮ್ಮನಿಗೆ ಅದು ಗೊತ್ತಾಗುತ್ತಿತ್ತು. ನೀರುದೋಸೆ ಬಂದ ದಿನ ಮಾತ್ರ ಸುಮ್ಮನಿರುತ್ತಿದ್ದಳು.

ಏಪ್ರಿಲಿನಲ್ಲಿ ಎಡ್ನಮ್ಮನ ಹಿತ್ತಿಲ ಬೇಲಿಯ ಪಕ್ಕ, ಚಾಪೆಯಗಲದ ಒಂದು ಪಾತಿಯಲ್ಲಿ ಕ್ಯಾಮಸ್ ಎಂಬ ಗಿಡ ಹೂ ಬಿಟ್ಟಿತು. ಹುಲ್ಲಿನಂಥ ಎಲೆ, ನೆಟ್ಟಗಿನ ಕಡ್ಡಿ, ಕಡ್ಡಿಯ ಸುತ್ತ ಆರು ದಳದ ನೀಲಿ ನಕ್ಷತ್ರಗಳು. ಕೆಳಗಿನ ಹೂ ಬಾಡುವಾಗ ಮೇಲಿನದು ಅರಳುತ್ತದೆ. ಮಣ್ಣಿನ ಕೆಳಗೆ ಇರುವುದು ಈರುಳ್ಳಿಯಂಥ ಗಡ್ಡೆ, ಹಿಂದೆ ಇಲ್ಲಿನ ಮೂಲದ ಜನ ಅದನ್ನು ಸುಟ್ಟು ತಿನ್ನುತ್ತಿದ್ದರು ಎಂದು ಎಡ್ನಮ್ಮ ಹೇಳಿದಳು. ನಾನು ಕನ್ನಡಕ್ಕೆ ತಿರುಗಿಸಿದೆ.

"ನೀರುಳ್ಳಿ ಜಾತಿಯಾ?" ಅಜ್ಜಿ ಎರಡು ಹೆಜ್ಜೆ ಹಿಂದೆ ಸರಿದಳು. ಅವಳು ನೀರುಳ್ಳಿ ಮುಟ್ಟುವವಳಲ್ಲ. "ಆದ್ರೂ ಬಣ್ಣ ನೋಡು ಮಾರಾಯ್ತಿ. ದೇವರಿಗೆ ಇಡಬಹುದು ಅಲ್ವಾ?"

ಎಡ್ನಮ್ಮ ಯಾರಿಗೂ ಕೀಳಲು ಬಿಡದ ಆ ಹೂವಿನ ಒಂದು ಕಡ್ಡಿಯನ್ನು ಕತ್ತರಿಸಿ ಅಜ್ಜಿಯ ಕೈಗೆ ಕೊಟ್ಟಳು. ಆಮೇಲೆ ನನಗೆ ಆ ಗಡ್ಡೆಗಳ ಕಥೆ ಹೇಳಿದಳು. ಆಕೆಯ ಗಂಡನ ತಾಯಿಯ ಮನೆ ಇಲ್ಲಿಂದ ಉತ್ತರಕ್ಕೆ, ಹುಲ್ಲುಗಾವಲಿನ ನಡುವೆ ಇತ್ತಂತೆ. ಜಾಗ ಮಾರಿಹೋಗುವ ಹಿಂದಿನ ದಿನ ಗಂಡ ಹೋಗಿ ಒಂದು ಬಕೆಟ್ ಗಡ್ಡೆ ಅಗೆದು ತಂದನಂತೆ. ಈಗ ಅಲ್ಲಿ ಹುಲ್ಲುಗಾವಲೂ ಇಲ್ಲ, ಗಂಡನೂ ಇಲ್ಲ. "ಅವನದು ಅಂತ ಜೀವಂತವಾಗಿ ಉಳಿದಿರೋದು ಇಷ್ಟೇ," ಎಂದಳು. ಇದನ್ನು ನಾನು ಅಜ್ಜಿಗೆ ಹೇಳಲಿಲ್ಲ. ಯಾಕೆ ಎಂದು ಈಗಲೂ ಗೊತ್ತಿಲ್ಲ. ಬಹುಶಃ ಆಟಕ್ಕೆ ಹೊತ್ತಾಗಿತ್ತು.

ಜೂನ್ ಶುರುವಿನಲ್ಲಿ ಎಡ್ನಮ್ಮ ಸೊಂಟದ ಆಪರೇಷನ್ನಿಗೆಂದು ಮಗಳ ಊರಿಗೆ ಹೊರಟಳು. ಹೊರಡುವ ಮುಂಚೆ ನನ್ನನ್ನು ಪಾತಿಯ ಹತ್ತಿರ ಕರೆದೊಯ್ದಳು.

"ನಿನಗೊಂದು ಕೆಲಸ ಇದೆ. ಇದನ್ನ ನೋಡಿಕೋಬೇಕು."

"ಏನು ಮಾಡಬೇಕು?"

"ಏನೂ ಮಾಡಬಾರದು. ಎಲೆ ಹಳದಿಯಾಗುತ್ತೆ, ಒಣಗುತ್ತೆ, ಸತ್ತೇಹೋಯ್ತು ಅನ್ನಿಸುತ್ತೆ. ಆದರೂ ಒಂದು ಹನಿ ನೀರು ಹಾಕಬಾರದು. ಬೇಸಗೆಯಲ್ಲಿ ಅದು ಮಲಗಿರುತ್ತೆ."

ಮಾತು ಕೊಟ್ಟೆ. ಆದರೆ ಏನೂ ಮಾಡದೆ ಇರುವುದು ಯಾವ ಸೀಮೆಯ ಕೆಲಸ ಎಂದು ನನಗೆ ಅರ್ಥವಾಗಲಿಲ್ಲ. ದಿನಾ ಹೋಗಿ ಪಾತಿಯ ಮುಂದೆ ಕೈಕಟ್ಟಿ ನಿಲ್ಲುತ್ತಿದ್ದೆ. ಎಷ್ಟು ಹೊತ್ತು ನಿಂತರೆ ಕೆಲಸ ಮಾಡಿದ ಹಾಗಾಗುತ್ತದೆ ಎಂಬುದೂ ತಿಳಿಯುತ್ತಿರಲಿಲ್ಲ.

ಅಜ್ಜಿಗೆ ಬೇರೆಯೇ ಚಿಂತೆ. ನಮ್ಮ ಕಡೆ ಮೇ ತಿಂಗಳ ಕೊನೆಗೆ ಬರುವ ಪತ್ತನಾಜೆ ಕಳೆದರೆ ಮಳೆಗಾಲ ಬಾಗಿಲಿಗೆ ಬಂತೆಂದೇ ಲೆಕ್ಕ. ಅಜ್ಜಿ ಊರಿನಿಂದ ತಂದ ಪಂಚಾಂಗ ನೋಡುವಳು, ಆಕಾಶ ನೋಡುವಳು. ಆಕಾಶ ಒರೆಸಿಟ್ಟ ಹಾಗೆ ಖಾಲಿ. ಗುಡ್ಡಗಳು ಹಸಿರು ಕಳೆದುಕೊಂಡು ಒಣಹುಲ್ಲಿನ ಬಣ್ಣಕ್ಕೆ ತಿರುಗಿದವು. "ಪತ್ತನಾಜೆ ಕಳೆದು ತಿಂಗಳಾಯ್ತು. ಒಂದು ಹನಿ ಇಲ್ಲ. ಎಂಥ ಊರು ಇದು, ಮಳೆಗಾಲದಲ್ಲಿ ಒಣಗುವುದು!" ಎಂದು ಗೊಣಗುತ್ತಿದ್ದಳು.

ಒಂದು ಮಧ್ಯಾಹ್ನ ಅಕ್ಕಿ ತೊಳೆದ ನೀರಿನ ತಂಬಿಗೆ ಹಿಡಿದು, ಬೇಲಿಯ ಮುರಿದ ಹಲಗೆಯ ಸಂದಿನಿಂದ ಅಜ್ಜಿ ಆಚೆ ನುಗ್ಗುವುದನ್ನು ಕಂಡೆ. ಓಡಿದೆ. ಅಷ್ಟರಲ್ಲಿ ಒಣಗಿದ ಕ್ಯಾಮಸ್ ಎಲೆಗಳ ಬುಡಕ್ಕೆ ನೀರು ಬಿದ್ದಾಗಿತ್ತು.

"ಅಜ್ಜೀ, ನೀರು ಹಾಕ್ಬಾರದಂತೆ! ಎಡ್ನಮ್ಮ ಹೇಳಿದ್ದಾಳೆ."

"ನೀರು ಹಾಕಬಾರದು ಅಂತ ಯಾರಾದ್ರೂ ಹೇಳ್ತಾರಾ ಮಗಾ? ನೀನು ಸರಿಯಾಗಿ ಕೇಳಿಸಿಕೊಳ್ಳಲಿಲ್ಲ. ನೋಡು, ಪಾಪ, ಸಾಯ್ಲಿಕ್ಕೆ ಆಗಿದೆ."

"ಅದು ಮಲ್ಕೊಂಡಿದೆಯಂತೆ."

"ಮಳೆಗಾಲದಲ್ಲಿ ಮಲಗುವ ಗಿಡ ಉಂಟಾ ಎಲ್ಲಿಯಾದ್ರೂ?" ಅಜ್ಜಿ ನಕ್ಕುಬಿಟ್ಟಳು.

ನಾನು ನಿಜಕ್ಕೂ ಕಂಗಾಲಾದೆ. ಅಜ್ಜಿ ತನ್ನ ಜೀವಮಾನವಿಡೀ ಮಲ್ಲಿಗೆ ಬೆಳೆಸಿದವಳು, ಅವಳಿಗೆ ಗಿಡದ ವಿಷಯ ಗೊತ್ತಿಲ್ಲ ಎನ್ನುವುದು ಹೇಗೆ? ಎಡ್ನಮ್ಮನೂ ಹಾಗೆಯೇ. ಅಮ್ಮನನ್ನು ಕೇಳಿದರೆ, "ಅವರಿಬ್ರೂ ನಿನಗಿಂತ ದೊಡ್ಡೋರು ಕಣೇ, ನೀನ್ಯಾಕೆ ತಲೆ ಕೆಡಿಸ್ಕೋತೀಯ, ಹೋಮ್‌ವರ್ಕ್ ಇಲ್ವಾ?" ಎಂದಳು. ಬೇಸಗೆ ರಜೆಯಲ್ಲಿ ಎಲ್ಲಿಯ ಹೋಮ್‌ವರ್ಕ್! ಅಮ್ಮನಿಗೆ ತನ್ನ ಪರೀಕ್ಷೆಯ ಗಡಿಬಿಡಿ.

ಎರಡು ವಾರಕ್ಕೆ ಪಾತಿಯಲ್ಲಿ ಹಸಿರು ಮೂಡಿತು. ಅಜ್ಜಿ ಕುಣಿಯುವುದೊಂದು ಬಾಕಿ. "ನೋಡಿದ್ಯಾ? ಜೀವ ಬಂತು!" ನನಗೂ ಹಾಗೇ ಅನ್ನಿಸಿತು. ಎಡ್ನಮ್ಮ ತಪ್ಪು, ಅಜ್ಜಿ ಸರಿ. ಅಥವಾ ನಾನೇ ತಪ್ಪಾಗಿ ಕೇಳಿಸಿಕೊಂಡೆ. ಅಂದಿನಿಂದ ನಾನು ತಡೆಯಲಿಲ್ಲ. ಜುಲೈ, ಆಗಸ್ಟ್ ಎರಡು ತಿಂಗಳೂ ದಿನಕ್ಕೆರಡು ತಂಬಿಗೆ ನೀರು ಆ ಜೇಡಿಮಣ್ಣಿಗೆ ಬಿತ್ತು.

ನಡುವೆ ಒಮ್ಮೆ ಎಡ್ನಮ್ಮ ಫೋನು ಮಾಡಿದಳು. "ಏನೂ ಮಾಡ್ತಾ ಇಲ್ಲ ತಾನೇ?" ಎಂದು ಕೇಳಿದಳು.

"ನಾನು ಏನೂ ಮಾಡ್ತಾ ಇಲ್ಲ," ಎಂದೆ. ಸುಳ್ಳೇನೂ ಅಲ್ಲವಲ್ಲ. ಫೋನು ಇಟ್ಟ ಮೇಲೆ ಆ ದಿನ ಪಾತಿಯ ಕಡೆಗೆ ಹೋಗಲಿಲ್ಲ.

ಸೆಪ್ಟೆಂಬರ್ ಮೊದಲ ವಾರ ಎಡ್ನಮ್ಮ ವಾಕರ್ ಹಿಡಿದು ವಾಪಸಾದಳು. ಮಗಳು ಸಾಮಾನು ಇಳಿಸುತ್ತಿರುವಾಗಲೇ ಹಿತ್ತಿಲಿಗೆ ಬಂದು ಪಾತಿಯ ಮುಂದೆ ನಿಂತಳು. ನಾವು ಜೀವ ಬಂತೆಂದು ಹಿಗ್ಗಿದ್ದು ಬರೀ ಕಳೆ ಎಂದು ಆಕೆಗೆ ನೋಡಿದೊಡನೆ ತಿಳಿದಿರಬೇಕು. ಬಗ್ಗಲಾಗದೆ, ನನ್ನ ಕೈಗೆ ಕೈಗುದ್ದಲಿ ಕೊಟ್ಟು ಅಗೆಯಲು ಹೇಳಿದಳು. ಅಗೆದೆ. ಬೆರಳಿಗೆ ಸಿಕ್ಕಿದ್ದು ಮೆತ್ತಗಿನ ಕಂದು ಮುದ್ದೆ. ಇನ್ನೊಂದು ಕಡೆ ಅಗೆದೆ, ಅಲ್ಲೂ ಅದೇ. ಕೊಳೆತ ನಾತ ಮೂಗಿಗೆ ಬಡಿಯಿತು. ಒಂದೇ ಒಂದು ಗಟ್ಟಿ ಗಡ್ಡೆ ಸಿಗಲಿಲ್ಲ.

"ಮಳೆ ಬಂದಿತ್ತಾ?" ಎಡ್ನಮ್ಮ ಮೆಲ್ಲಗೆ ಕೇಳಿದಳು.

ಅಷ್ಟು ಹೊತ್ತಿಗೆ ಅಜ್ಜಿ ಬಂದಳು. ಸೀರೆಯ ಸೆರಗು ಸೊಂಟಕ್ಕೆ ಸಿಕ್ಕಿಸಿ, ತಂಬಿಗೆ ಹಿಡಿದು, ಮುಖವೆಲ್ಲ ನಗು. ಇಡೀ ಬೇಸಗೆ ಈ ಒಂದು ಗಳಿಗೆಗಾಗಿ ಅವಳು ಕಾದಿದ್ದಳು ಎಂಬುದು ನನಗೆ ಗೊತ್ತಿತ್ತು.

"ಹೇಳು ಅವಳಿಗೆ," ಎಂದಳು. "ಒಂದು ದಿನವೂ ತಪ್ಪಿಸಲಿಲ್ಲ, ದಿನಾ ನೀರು ಹಾಕಿದ್ದೇನೆ ಅಂತ ಹೇಳು."

ಇಬ್ಬರೂ ನನ್ನ ಬಾಯಿ ನೋಡುತ್ತ ನಿಂತರು. ನನ್ನ ಕೈಯಲ್ಲಿ ಆ ಕೊಳೆತ ಮುದ್ದೆ. ಅಳು ಬರುವ ಹಾಗಾಯಿತು, ಆದರೆ ಯಾರ ಪರವಾಗಿ ಅಳಬೇಕೋ ತಿಳಿಯಲಿಲ್ಲ.

"ನೀವಿಲ್ಲದೆ ಅಜ್ಜಿಗೆ ಬೇಜಾರಾಗಿತ್ತಂತೆ," ಎಂದು ಇಂಗ್ಲಿಷಿನಲ್ಲಿ ಹೇಳಿದೆ. "ದಿನಾ ಇಲ್ಲಿಗೆ ಬರ್ತಿದ್ದಳಂತೆ."

ಎಡ್ನಮ್ಮ ತಂಬಿಗೆ ನೋಡಿದಳು. ಒದ್ದೆ ಮಣ್ಣು ನೋಡಿದಳು. ನನ್ನನ್ನು ತುಂಬ ಹೊತ್ತು ನೋಡಿದಳು. ಆಮೇಲೆ ವಾಕರ್ ಬಿಟ್ಟು, ಅಜ್ಜಿಯ ಕೈಯನ್ನು ಎರಡೂ ಕೈಯಲ್ಲಿ ಹಿಡಿದು, "ಥ್ಯಾಂಕ್ ಯೂ" ಎಂದಳು. ಅಜ್ಜಿಗೆ ಬರುತ್ತಿದ್ದ ಇಂಗ್ಲಿಷೇ ಅಷ್ಟು. ಅವಳ ಮುಖ ಅರಳಿತು.

"ಅದೆಂತ ನಿನ್ನ ಕೈಯಲ್ಲಿ, ಕೊಳೆತದ್ದು?"

"ಹಳೇ ಗಡ್ಡೆ ಅಜ್ಜಿ. ಅದು ಕೊಳೆತು ಕೆಳಗೆ ಹೊಸದು ಆಗುತ್ತಂತೆ."

"ಹಾಂ, ಸುವರ್ಣಗಡ್ಡೆಯ ಹಾಗೆ," ಎಂದು ಅಜ್ಜಿ ತಲೆಯಾಡಿಸಿದಳು.

ಆ ದಿನದ ನಂತರ ಎಡ್ನಮ್ಮ ಆಟಕ್ಕೆ ಬರಲಿಲ್ಲ. ಕಾಲುನೋವೋ, ಕೋಪವೋ, ದುಃಖವೋ, ನಾನು ಕೇಳಲಿಲ್ಲ. ಹತ್ತು ದಿನಕ್ಕೆ ಅಜ್ಜಿ ಊರಿಗೆ ಹೊರಟಾಗ ಮಾತ್ರ ವಾಕರ್ ತಳ್ಳುತ್ತ ಕಾರಿನ ತನಕ ಬಂದಳು. ಅಜ್ಜಿ ಕನ್ನಡದಲ್ಲಿ ಏನೇನೋ ಹೇಳಿದಳು, ಎಡ್ನಮ್ಮ ಇಂಗ್ಲಿಷಿನಲ್ಲಿ ಏನೇನೋ ಹೇಳಿದಳು. ಇಬ್ಬರೂ ನನ್ನನ್ನು ಕರೆಯಲಿಲ್ಲ. ಆ ಚಳಿಗಾಲದಲ್ಲಿ ಎಡ್ನಮ್ಮ ಮನೆ ಮಾರಿ ಮಗಳ ಊರಿಗೇ ಹೋದಳು. ಕೊಂಡವರು ಹಿತ್ತಿಲಿಗೆ ಕಲ್ಲು ಹಾಸಿದರು.

ನಾನೀಗ ಅಲ್ಲಿಂದ ಕಾರಿನಲ್ಲಿ ಒಂದು ಗಂಟೆ ದಾರಿಯ ಡಬ್ಲಿನ್ನಿನಲ್ಲಿದ್ದೇನೆ. ನರ್ಸರಿಯಲ್ಲಿ ಕ್ಯಾಮಸ್ ಗಡ್ಡೆ ಬೇಕಾದಷ್ಟು ಸಿಗುತ್ತದೆ, ನಾನೂ ನೆಟ್ಟಿದ್ದೇನೆ, ಹೂವೂ ಬಿಡುತ್ತದೆ. ಆದರೆ ಅದು ಅಂಗಡಿಯ ಗಡ್ಡೆ. ಯಾವ ಹುಲ್ಲುಗಾವಲಿನದೂ ಅಲ್ಲ, ಯಾರ ಗಂಡನದೂ ಅಲ್ಲ. ಎಡ್ನಮ್ಮ ತೀರಿಹೋದ ಸುದ್ದಿಯೂ ನಮಗೆ ಎರಡು ವರ್ಷ ತಡವಾಗಿ ತಿಳಿಯಿತು. ಆ ದಿನ ನಾನು ಮಾಡಿದ್ದು ಸರಿಯೋ ತಪ್ಪೋ ಎಂದು ಕೇಳಬಹುದಾಗಿದ್ದವರಲ್ಲಿ ಈಗ ಯಾರೂ ಉಳಿದಿಲ್ಲ.

ಅಜ್ಜಿ ಮಾತ್ರ ಬದುಕಿರುವಷ್ಟು ಕಾಲ ಪ್ರತಿ ವಸಂತದಲ್ಲೂ ವಿಚಾರಿಸುತ್ತಿದ್ದಳು, ಮೊದಲು ಕಾಗದದಲ್ಲಿ, ಆಮೇಲೆ ಫೋನಿನಲ್ಲಿ. ಕೊನೆಯ ವರ್ಷ ನನ್ನ ಹೆಸರೇ ಅವಳಿಗೆ ತಪ್ಪಿಹೋಗುತ್ತಿತ್ತು. ಆಗಲೂ ಕೇಳಿದಳು.

"ಎಡ್ನಮ್ಮನ ಹೂ ಬಂತಾ ಮಗಾ?"

"ಬಂತು ಅಜ್ಜಿ. ಈ ಸಲ ತುಂಬಾ ಬಂತು."

"ಬಾರದೆ ಎಲ್ಲಿಗೆ ಹೋಗ್ತದೆ," ಎಂದಳು, "ನಾನು ನೀರು ಹಾಕಿದ್ದಲ್ವಾ."

ನಾನು ಹೌದು ಎಂದೆ.