ತಂಗಡಿಯ ಏಳನೆಯ ಮಾಲೆ

ಮಕ್ಕಳೇ, ನವರಾತ್ರಿಯಲ್ಲಿ ದೇವಿಯೆಂದು ಪೂಜಿಸುವ ಘಟಕ್ಕೆ ದಿನಕ್ಕೊಂದು ಮಾಲೆ ಏರಿಸಲು ನೀವು ಸಾಂಗ್ಲಿ ಪೇಟೆಯಿಂದ ಚೆಂಡುಹೂ ತರುತ್ತೀರಿ. ಅದು ತಪ್ಪೆಂದು ನಾನು ಹೇಳುವುದಿಲ್ಲ. ನನ್ನ ತವರಿನಲ್ಲಿ ಮಾತ್ರ ಘಟಕ್ಕೆ ತಂಗಡಿ ಹೂ ಏರಿಸುತ್ತಿದ್ದರು, ಅದು ಸಿಗದಿದ್ದರೆ ಬೇರೆ ಹೂವೂ ನಡೆಯುತ್ತಿತ್ತು. ಮರಾಠಿಯವರು ಅದಕ್ಕೆ ತರವಡ ಎನ್ನುತ್ತಾರೆ. ನಮ್ಮೂರ ಬಳಿ, ಸಲಗರೆಯ ಆಚೆಯ ಕಲ್ಲುಗುಡ್ಡದ ಕುರುಚಲು ಕಾಡಿನಲ್ಲಿ ಎದೆಯೆತ್ತರ ಬೆಳೆಯುವ ಗಿಡ ಅದು. ಹೂವಿನದು ಬಂಗಾರದ ಬಣ್ಣ. ಯಾರೂ ಅದನ್ನು ನೆಡುವುದಿಲ್ಲ, ಯಾರೂ ನೀರು ಹಾಕುವುದಿಲ್ಲ.

ಇನ್ನೂ ಸಂಸ್ಥಾನದ ಕಾಲ. ನಾನು ಆಗಷ್ಟೇ ಊರ ಶಾಲೆಗೆ ಹೋಗತೊಡಗಿದ್ದೆ. ಮನೆಯ ತೊಟ್ಟಿಲಲ್ಲಿ ನನ್ನ ತಮ್ಮನಿದ್ದ. ಅವನಿಗಿಂತ ಮೊದಲು ಹುಟ್ಟಿದ ಎರಡು ಕೂಸುಗಳು ಉಳಿದಿರಲಿಲ್ಲ. ಇವನೂ ಹಾಲು ಕುಡಿಯದೆ ದಿನದಿನಕ್ಕೆ ಬಡವಾಗುತ್ತಿದ್ದ. ಒಂಬತ್ತು ದಿನವೂ ಬರಿಗಾಲಲ್ಲಿ ಹೋಗಿ, ಕೈಯಾರೆ ಬಿಡಿಸಿದ ತಂಗಡಿ ಹೂವಿನ ಮಾಲೆಯನ್ನೇ ಘಟಕ್ಕೆ ಏರಿಸುತ್ತೇನೆಂದು ಅವ್ವ ಹರಕೆ ಹೊತ್ತಳು. ಅಪ್ಪನಿಗೆ ಹೇಳಲಿಲ್ಲ. ಕೂಸಿನ ಹರಕೆ ತೀರುವ ಮುನ್ನ ಗಂಡಸರ ಕಿವಿಗೆ ಬಿದ್ದರೆ ಅದರ ಬಲ ಹೋಗುತ್ತದೆಂದು ನಮ್ಮ ಹೆಂಗಸರು ನಂಬಿದ್ದರು. ಅಪ್ಪನ ತಾಯಿಗೆ, ಅಂದರೆ ನಮ್ಮ ಆಯಿಗೆ ಮಾತ್ರ ಗೊತ್ತಿತ್ತು.

ನಮ್ಮ ಹೊಲದ ಬದುವಿನ ತುಂಬ ತಂಗಡಿ ಇತ್ತು. ಆರು ಮಾಲೆಗಳು ಸುಸೂತ್ರವಾಗಿ ಆದವು. ಆರನೆಯ ದಿನ ಸಂಜೆ ಅಪ್ಪ ಖುಷಿಯಿಂದ ಹೊಲದಿಂದ ಬಂದ. ಎತ್ತುಗಳು ಬಾವಿಯಿಂದ ನೀರೆತ್ತುವ ತೊಗಲಿನ ಮೋಟ ಹರಿದುಹೋಗಿತ್ತು. ಹೊಸ ತೊಗಲು ಹದಮಾಡಲು ತಂಗಡಿಯ ತೊಗಟೆಯೇ ಬೇಕು.

“ಬದುವಿನ ತಂಗಡಿ ಎಲ್ಲಾ ಕಡಿಸಿ ಹಾಕಿದೆ. ತೊಗಟಿ ಬಾಳ ಛಲೋ ಬಂದೈತಿ,” ಎಂದ.

ಅವ್ವನ ಕೈಯಲ್ಲಿದ್ದ ನೀರಿನ ತಂಬಿಗೆ ಅಲ್ಲೇ ನಿಂತಿತು.

“ಎಲ್ಲಾ? ಒಂದ ಟೊಂಗೀನೂ ಬಿಡ್ಲಿಲ್ಲೇನೋ?” ಎಂದಳು ಆಯಿ.

“ಬಿಟ್ಟು ಏನ್ ಮಾಡ್ಲಿಬೇ? ಕುರಿ ಸುದ್ದಾ ಅದನ್ನ ಮೂಸಂಗಿಲ್ಲ.”

“ಹೌದಪ್ಪಾ, ಕುರಿಗಿಂತ ನೀನ ಶಾಣ್ಯಾ.”

“ಯಾಕ, ಏನಾತು?”

“ಏನಿಲ್ಲ. ಕೈಕಾಲ ತೊಳ್ಕೊಂಡು ಉಣ್ಣು.”

ಬೆಳಗಾಗುತ್ತಲೇ ಅವ್ವ ತಮ್ಮನನ್ನು ಆಯಿಯ ಮಡಿಲಿಗೆ ಕೊಟ್ಟಳು.

“ಗುಡ್ಡಕ್ಕ ಹೋಗಿ ಏನ್ ಮಾಡ್ತೀಯವ್ವಾ? ಅಲ್ಲೀ ಗಿಡಾನೂ ಬ್ಯಾಸಿಗ್ಯಾಗ ತೊಗಟಿಗಂತ ಕಡದ ಒಯ್ದಾರ,” ಎಂದಳು ಆಯಿ.

“ನೋಡಿ ಬರ್ತೇನ್ರಿ ಅತ್ತಿ.”

ನಾನು ಹಿಂದೆಯೇ ಓಡಿದೆ. ನಾವು ಗುಡ್ಡ ಮುಟ್ಟುವ ಹೊತ್ತಿಗೇ ಕಲ್ಲು ಕಾದಿತ್ತು. ನವರಾತ್ರಿಯ ಉಪವಾಸದಲ್ಲಿದ್ದ ಅವ್ವ ಬರಿಗಾಲಲ್ಲಿ ಏರುತ್ತಿದ್ದಳು. ದಾರಿಯಲ್ಲಿ ಸಿಕ್ಕಿದ್ದೆಲ್ಲ ಕೊಡಲಿಯ ಗಾಯವಿದ್ದ ಒಣ ಬೊಡ್ಡೆಗಳು. ಅರ್ಧ ಏರಿದ ಮೇಲೆ ಅವ್ವ ಒಂದು ಬಂಡೆಯ ಮೇಲೆ ಕುಳಿತು ಬಾಯಿಗೆ ಸೆರಗು ಒತ್ತಿಕೊಂಡಳು. ನಾನು ಅವಳ ಮುಖ ನೋಡಲಾರದೆ ಮೇಲಕ್ಕೆ ಹತ್ತಿದೆ.

ಮೊದಲು ಕೇಳಿಸಿದ್ದು ಜೇನುಹುಳುಗಳ ಸದ್ದು. ದೊಡ್ಡ ಬಂಡೆಯನ್ನು ಬಳಸಿ ಆಚೆ ಕಾಲಿಟ್ಟೆ. ಅಲ್ಲಿಂದ ನೆತ್ತಿಯವರೆಗೆ ಗುಡ್ಡವೆಲ್ಲ ಹಳದಿಯಾಗಿತ್ತು. ಹೂ ನನ್ನ ಮೊಳಕಾಲಿಗಿಂತ ಎತ್ತರವಿರಲಿಲ್ಲ. ಅದಕ್ಕೇ ಬಂಡೆಗಳ ಮರೆಯಲ್ಲಿ ಕೆಳಗಿನಿಂದ ಕಂಡಿರಲಿಲ್ಲ. ಕಡಿದ ಒಂದೊಂದು ಬೊಡ್ಡೆಯ ಸುತ್ತಲೂ ಹೊಸ ಚಿಗುರು ಉಂಗುರದಂತೆ ಎದ್ದಿತ್ತು, ಒಂದೊಂದು ಚಿಗುರಿನ ತುದಿಯಲ್ಲೂ ಗೊಂಚಲು ಹೂ. ಆ ವರ್ಷ ಮಳೆಯೂ ಹೆಚ್ಚಾಗಿರಲಿಲ್ಲ. ಕಾಲಡಿ ನೋಡಿದರೆ ಮಣ್ಣೇ ಇಲ್ಲ, ಬರೀ ಕಲ್ಲು. ಯಾರದೋ ದೊಡ್ಡ ಮನೆಯೊಳಗೆ ಕೇಳದೆ ಹೊಕ್ಕಂತೆ ನನಗೆ ಹೆದರಿಕೆಯಾಯಿತು. ಇಳಿದು ಓಡಿ ಅವ್ವನ ಕೈ ಹಿಡಿದು ಎಳೆದುತಂದೆ.

ಅವ್ವ ಕೂಡಲೇ ಹೂವಿಗೆ ಕೈ ಹಾಕಲಿಲ್ಲ. ಕುಕ್ಕರುಗಾಲಲ್ಲಿ ಕುಳಿತು, ಜ್ವರ ಬಂದ ಮಗುವಿನ ಹಣೆ ಮುಟ್ಟುವ ಹಾಗೆ ಒಂದು ಬೊಡ್ಡೆಯ ಮೇಲೆ ಅಂಗೈ ಇಟ್ಟಳು.

“ಇಷ್ಟ ಕಡದ್ರೂನಾ ನನ್ನವ್ವಾ…” ಎಂದಳು. ಆಮೇಲೆ ಒಂದೊಂದು ಗಿಡದಿಂದ ಸ್ವಲ್ಪಸ್ವಲ್ಪವೇ ಬಿಡಿಸಿ ಸೆರಗಿಗೆ ಹಾಕಿಕೊಂಡಳು.

ಏಳನೆಯ ಮಾಲೆ ಏರಿತು. ಉಳಿದೆರಡೂ ಆ ಗುಡ್ಡದ ಹೂವಿನಿಂದಲೇ ಆದವು. ಒಂಬತ್ತನೆಯ ದಿನ ತಮ್ಮ ಹೊಟ್ಟೆತುಂಬ ಹಾಲು ಕುಡಿದು ಮಲಗಿದ. ಅವನು ಬದುಕಿದ, ನಿಮ್ಮ ಅಪ್ಪನ ಸೋದರಮಾವ ಅವನೇ. ಹರಕೆಯಿಂದಲೋ, ಸುಮ್ಮನೆಯೋ, ಹೇಳುವಷ್ಟು ನಾನು ಓದಿದವಳಲ್ಲ.

ಹರಕೆ ತೀರಿದ ಮೇಲೆ ಅವ್ವ ಎಲ್ಲವನ್ನೂ ಅಪ್ಪನಿಗೆ ಹೇಳಿದಳು. ಮರುದಿನ ಅಪ್ಪ “ನಡೀರಿ, ನನಗೂ ತೋರಸ್ರಿ,” ಎಂದು ನಮ್ಮನ್ನು ಕರೆದುಕೊಂಡು ಹೊರಟ. ಗುಡ್ಡದ ಬುಡದಲ್ಲಿ ಚಪ್ಪಲಿ ಕಳಚಿದ.

“ನಿಮಗ್ಯಾಕ್ರಿ? ಹರಕಿ ನಂದು,” ಎಂದಳು ಅವ್ವ.

“ಮಗ ನನಗೂ ಮಗ ಅಲ್ಲೇನ?”

ಮೇಲೆ ಹೋಗಿ ಅಪ್ಪ ಒಂದು ಗಿಡದ ಮುಂದೆ ಮೊಳಕಾಲೂರಿದ. ಬೇರು ಯಾವ ಸಂದಿನಿಂದ ಒಳಗಿಳಿದಿದೆಯೆಂದು ಕಲ್ಲಿನ ಮೇಲೆ ಬೆರಳಾಡಿಸಿ ಹುಡುಕಿದ. ಅವನ ಉಗುರೂ ತೂರುವಷ್ಟು ಜಾಗ ಅಲ್ಲಿರಲಿಲ್ಲ. ರುಮಾಲು ತೆಗೆದು ತೊಡೆಯ ಮೇಲಿಟ್ಟುಕೊಂಡು, ಬಿಸಿಲಿಳಿಯುವವರೆಗೆ ಅಲ್ಲೇ ನೋಡುತ್ತ ಕುಳಿತಿದ್ದ.