ದಾರಿಯ ನಡುವೆ ಮಲಗಿದವನು

ಬೆಳಗಿನ ಐದೂವರೆ. ಸೇಂ-ಬ್ರಿಸ್ ಹಳ್ಳಿಯ ಸೈನಿಕರ ಸ್ಮಶಾನದಲ್ಲಿ ಒದಿಲ್ ಕೀಫರ್ ಎಂಬ ಹೆಂಗಸು ಮೊಣಕಾಲೂರಿ ಕುಳಿತು ಗೋರಿಗಲ್ಲಿನ ಪಾಚಿ ಉಜ್ಜುತ್ತಿದ್ದಾರೆ. ತಣ್ಣೀರು, ನಾರಿನ ಬ್ರಷ್ಷು, ಅಷ್ಟೇ. ಸೋಪು ಹಾಕಿದರೆ ಕಲ್ಲು ಹುಡಿಯಾಗುತ್ತದೆ. ತುಟಿ ಮೆಲ್ಲಗೆ ಆಡುತ್ತಿದೆ. ಒಂದು ಕಲ್ಲಿಗೆ ಒಂದು ಪ್ರಾರ್ಥನೆ. ಎಡಗಡೆಯವರಿಗೆ ಫ್ರೆಂಚಿನಲ್ಲಿ, ಬಲಗಡೆಯವರಿಗೆ ಜರ್ಮನ್ನಿನಲ್ಲಿ.

1870ರ ಆಗಸ್ಟಿನಲ್ಲಿ ಮೆಟ್ಸ್ ಊರಿನ ಪಶ್ಚಿಮದ ಈ ಬಯಲಿನಲ್ಲಿ ಫ್ರೆಂಚರೂ ಜರ್ಮನರೂ ಕಾದಾಡಿ ಸತ್ತರು. ಆ ಯುದ್ಧದ ನಂತರ ಈ ಸೀಮೆ ಜರ್ಮನಿಯ ಪಾಲಾಗಿ, 1918ರಲ್ಲಿ ಮತ್ತೆ ಫ್ರಾನ್ಸಿಗೆ ಮರಳಿತು. ಸ್ಮಶಾನದ ನಡುವಿನ ದಾರಿಯ ಎಡಕ್ಕೆ ಫ್ರೆಂಚರ ತೊಂಬತ್ತೊಂದು ಕಲ್ಲು, ಬಲಕ್ಕೆ ಜರ್ಮನರ ನೂರಿಪ್ಪತ್ಮೂರು. ವಾರಕ್ಕೆ ಹದಿನೈದರಂತೆ ತೊಳೆದರೆ ಒಂದು ಸುತ್ತು ಮುಗಿಯಲು ಮೂರೂವರೆ ತಿಂಗಳು ಬೇಕು. ಅರವತ್ತೆರಡರ ಒದಿಲ್ ಪುರಸಭೆಯ ನೌಕರರು. ಶಾಲೆಯ ಅಂಗಳ ಗುಡಿಸುವುದೂ, ಚಳಿಗಾಲದಲ್ಲಿ ಹಿಮ ಎತ್ತುವುದೂ ಅವರ ಪಾಲಿನದೇ. ಸೊಂಟನೋವಿಗೆ ಪಟ್ಟಿ ಬಿಗಿದೇ ಬರುತ್ತಾರೆ.

"ನೀವು ಯಾರ ಕಡೆಯವರು ಅಂತ ಬಂದವರೆಲ್ಲ ಕೇಳ್ತಾರೆ. ನಮ್ಮಜ್ಜ ಹಾಕಿದ್ದು ಜರ್ಮನ್ ಸಮವಸ್ತ್ರ, ಅಪ್ಪ ಹಾಕಿದ್ದು ಫ್ರೆಂಚ್ ಸಮವಸ್ತ್ರ. ಇಬ್ಬರೂ ಪ್ರಾಣ ಬಿಟ್ಟಿದ್ದು ಒಂದೇ ಮಂಚದ ಮೇಲೆ."

ಹತ್ತೊಂಬತ್ತು ವರ್ಷದ ಹಿಂದೆ ಹೊಲದಲ್ಲಿ ಸಿಕ್ಕ ಸಿಪಾಯಿಯೊಬ್ಬನ ಮೂಳೆಗಳನ್ನು ಒದಿಲ್, ಕೋಟಿನ ಜರ್ಮನ್ ಬಟನ್ನು ನೋಡಿ ಬಲಗಡೆ ಮಣ್ಣು ಮಾಡಿದ್ದರು. ಕಳೆದ ವರ್ಷ ವಾಲಿದ ಕಲ್ಲನ್ನು ನೆಟ್ಟಗೆ ನಿಲ್ಲಿಸಲು ಅಗೆದಾಗ, ಕೋಟಿನ ಒಳಗಿನ ಅಂಗಿಯಲ್ಲಿ ಫ್ರೆಂಚ್ ದಳದ ಸಂಖ್ಯೆಯಿದ್ದ ಬಟನ್ನು ಕಂಡಿತು. "ಅಷ್ಟು ವರ್ಷ ಪಾಪ, ಅವನಿಗೆ ಅರ್ಥವಾಗದ ಭಾಷೇಲಿ ಪ್ರಾರ್ಥನೆ ಹೇಳಿದೆ," ಎನ್ನುತ್ತಾರೆ. ಅವನನ್ನು ಎಡಕ್ಕೆ ತಂದು, ಚರ್ಚಿಗೆ ಹೋಗಿ ಪಾದ್ರಿಯ ಮುಂದೆ ತಪ್ಪೊಪ್ಪಿಕೊಂಡು ಬಂದರು. ನಮ್ಮವರು ಎಲ್ಲಿ ಮಲಗಿದ್ದಾರೆಂದು ತಿಳಿದಿರುವುದೂ ದೇವರು ಕೊಟ್ಟ ಸಮಾಧಾನವೇ; ಅದನ್ನು ಒಂದು ಮನೆಯವರಿಂದ ಕಸಿದೆನೆಂಬ ನೋವು ಅವರಿಗೆ ಇನ್ನೂ ಇದೆ.

ಈ ಜೂನಿನಲ್ಲಿ ಚರಂಡಿ ಅಗೆಯುವಾಗ ಮತ್ತೊಬ್ಬ ಸಿಕ್ಕಿದ್ದಾನೆ. ಕೋಟು ಪ್ರಷ್ಯದ್ದು, ಅಂದರೆ ಜರ್ಮನರದ್ದು; ಬೂಟು ಫ್ರೆಂಚರದ್ದು, ಒಳಗೆ ಬೇರೇನೂ ಉಳಿದಿಲ್ಲ. ಭಾನುವಾರ ಅವನನ್ನು ಮಣ್ಣು ಮಾಡಬೇಕು. ಮೇಯರ್ ಎರ್ವೆ, ಒದಿಲ್ ಅವರ ಶಾಲೆಯ ಜೊತೆಗಾರ, ಬೇಲಿಯಾಚೆಯಿಂದಲೇ ಕೂಗುತ್ತಾನೆ.

"ಬಟನ್ನು ಪ್ರಷ್ಯದ್ದು ತಾನೆ? ಬಲಗಡೆ ತೋಡು, ಮುಗೀತು."

"ಬೂಟು ನೋಡಿದ್ಯೇನೋ?"

"ಕದ್ದಿರ್ತಾನೆ ಬಿಡೇ."

"ಕೋಟು? ಗಾಯವಾಗಿ ನಡುಗ್ತಾ ಬಿದ್ದವನಿಗೆ ಆ ಕಡೆಯವನೊಬ್ಬ ಹೊದಿಸಿರಬಾರದಾ?"

"ಎರಡೂ ದೇಶದವರು ಹೂ ಹಿಡ್ಕೊಂಡು ಬರ್ತಾರೆ. ಅವರ ಮುಂದೆ ಗೊತ್ತಿಲ್ಲ ಅಂತ ನಿಂತ್ಕೊಳ್ಲಾ?"

"ಶಾಲೇಲಿ ದಿನಾ ಹಾಗೇ ನಿಂತಿರ್ತಿದ್ದೆ. ಅಭ್ಯಾಸ ಇದೆಯಲ್ಲ!"

ಎರ್ವೆ ನಕ್ಕುಬಿಡುತ್ತಾನೆ. ಹೋಗುವ ಮುನ್ನ, "ಎಲ್ಲಾದರೂ ತೋಡು, ಮಾರಾಯ್ತಿ. ಶನಿವಾರದೊಳಗೆ ಆಗಲಿ," ಎನ್ನುತ್ತಾನೆ.

ಒದಿಲ್ ದಾರಿಯ ನಟ್ಟನಡುವೆ, ಎರಡು ಸಾಲಿಗೂ ಸಮ ದೂರದಲ್ಲಿ, ಗೂಟ ಹೊಡೆದು ಹಗ್ಗ ಕಟ್ಟುತ್ತಾರೆ. ಇನ್ನು ಮೇಲೆ ನೀರಿನ ಕೈಗಾಡಿಯನ್ನು ಅವನನ್ನು ಸುತ್ತಿಕೊಂಡೇ ತಳ್ಳಬೇಕು. ಕಲ್ಲಿನ ಮೇಲೆ "ಒಬ್ಬ ಸಿಪಾಯಿ" ಎಂದಷ್ಟೇ ಕೆತ್ತಿಸಿದರೆ ಸಾಕೆಂಬುದು ಅವರ ಆಸೆ.

ಪ್ರಾರ್ಥನೆ ಯಾವ ಭಾಷೆಯಲ್ಲಿ ಎಂದು ಕೇಳಿದರೆ, ಬ್ರಷ್ಷನ್ನು ನೀರಿಗೆ ಅದ್ದುತ್ತ ಹೇಳುತ್ತಾರೆ: "ಎರಡರಲ್ಲೂ ಹೇಳ್ತೀನಿ. ಒಂದು ಅವನಿಗೆ ಸೇರುತ್ತೆ. ಇನ್ನೊಂದು, ಕೋಟು ಹೊದಿಸಿದವನಿಗೆ."